ಮೂಲೆ ಮಗ್ಗದ ಮನುಷ್ಯ

"ಕಣ್ತುಂಬಾ ನೋಡ್ಕೊಳ್ಳಿ ಮೇಡಂ. ಕೋರ್ಟು ಕೇಳಿದ ಮನುಷ್ಯ ಅಗೋ, ಆ ಮೂಲೆ ಮಗ್ಗದ ಮುಂದೆ ನಿಂತಿದ್ದಾನೆ. ಕೈ ಕಾಲು ಎಲ್ಲ ನೆಟ್ಟಗಿವೆ. ಬೇಕಾದ್ರೆ ಎಣಿಸಿ ಬರ್ಕೊಳ್ಳಿ."

ಮಿಲ್ಲಿನ ಮ್ಯಾನೇಜರ್ ಶೆಡ್ಡಿನ ಬಾಗಿಲನ್ನು ಅರ್ಧ ಮಾತ್ರ ತೆರೆದಿದ್ದ. ಆ ಅರ್ಧದಿಂದಲೇ ಮಗ್ಗಗಳ ಸದ್ದು ನುಗ್ಗಿ ಬಂದು ವಕೀಲೆಯ ಎದೆಗೆ ಗುದ್ದಿತು. ಅವಳ ಹಿಂದೆ ನಿಂತಿದ್ದ ಕೋರ್ಟಿನ ಅಮೀನರು ಎರಡೂ ಕಿವಿ ಮುಚ್ಚಿಕೊಂಡರು.

"ಅಮ್ಮಾ, ಇಲ್ಲಿ ಹುಟ್ಟಿದ ಸೊಳ್ಳೆಗೂ ಕಿವಿ ಕೇಳಿಸಲಿಕ್ಕಿಲ್ಲ!" ಎಂದು ಅವಳ ತಲೆಯ ಹತ್ತಿರ ಬಾಗಿ ಕೂಗಿದರು.

ಅವಳಿಗೆ ನಗು ಬರಲಿಲ್ಲ. ಮೇಸ್ತ್ರಿ ಸೋಮವಾರ ಬೆಳಿಗ್ಗೆ ಕೋರ್ಟಿನ ಆದೇಶವನ್ನು ಜೇಬಿನಲ್ಲಿಟ್ಟುಕೊಂಡು ಈ ಗೇಟಿನೊಳಗೆ ಕಾಲಿಟ್ಟವನು ಮನೆಗೆ ಮರಳಿಲ್ಲ ಎಂದು ಅವನ ಹೆಂಡತಿ ಹೇಳುತ್ತಿದ್ದಳು. ಸೋಮವಾರದಿಂದ ಒಂದು ದಿನವೂ ತಪ್ಪದೆ ಅವನು ತನ್ನ ಮಗ್ಗದ ಮುಂದೆ ನಿಂತಿದ್ದಾನೆ ಎಂದು ಮಿಲ್ಲು ಹೇಳುತ್ತಿತ್ತು. ಎರಡರಲ್ಲಿ ಒಂದು ಸುಳ್ಳು. ಯಾವುದು ಎಂದು ಬರೆದುಕೊಡುವ ಕೆಲಸ ಇವಳ ತಲೆಗೆ ಬಿದ್ದಿತ್ತು.

ಜಗಳ ಹಳೆಯದು. ಮಿಲ್ಲಿನ ಬಾಯ್ಲರ್ ಸಿಡಿದು ಇಬ್ಬರು ಬೆಂದು ಸತ್ತಾಗ, ಇದು ಸಿಡಿಯುತ್ತದೆ ಎಂದು ಮೊದಲೇ ಹೇಳಿದ್ದೆ, ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ ಎಂದು ಬಾಯಿಬಿಟ್ಟವನು ಮೇಸ್ತ್ರಿ ಒಬ್ಬನೇ. ಕೂಡಲೇ ಅವನ ಕೆಲಸ ಹೋಯಿತು. ಕೋರ್ಟಿಗೆ ಹೋದ, ಗೆದ್ದ. ಅದೇ ಕೆಲಸಕ್ಕೆ, ಅದೇ ಮಗ್ಗಕ್ಕೆ ವಾಪಸ್ ತೆಗೆದುಕೊಳ್ಳಿ ಎಂದು ಆದೇಶವಾಯಿತು. ಮಿಲ್ಲು ಆ ಆದೇಶ ತನಗಲ್ಲವೇ ಅಲ್ಲ ಎನ್ನುವ ಹಾಗೆ ಕೂತಿತು. ಅವನು ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದ. ಹೊಸದಾಗಿ ಬಂದ ನ್ಯಾಯಾಧೀಶರು ಮಿಲ್ಲಿನ ಯಜಮಾನನಿಗೆ ಮುಖಕ್ಕೆ ಹೊಡೆದ ಹಾಗೆ ಹೇಳಿದ್ದರು: ಪಾಲಿಸಿ, ಇಲ್ಲವೇ ಜೈಲಿಗೆ ಹೊರಡಿ. ಪಾಲನೆ ಆಗಿದೆಯೋ ಇಲ್ಲವೋ ಕಣ್ಣಾರೆ ನೋಡಿ ಬರಲು ಇವಳನ್ನು ಕೋರ್ಟ್ ಕಮಿಷನರ್ ಮಾಡಿ ಕಳಿಸಿದ್ದರು. ಊಟದ ಬಿಡುವು ಮುಗಿದು ಕೋರ್ಟು ಮತ್ತೆ ಕೂರುವ ಹೊತ್ತಿಗೆ ವರದಿ ಮೇಜಿನ ಮೇಲಿರಬೇಕು.

ಇಷ್ಟು ಜನ ವಕೀಲರಿರುವಾಗ ಇವಳೇ ಯಾಕೆ? ಅದನ್ನು ಅವಳೂ ಕೇಳಿಕೊಂಡಿದ್ದಳು. ಕೋರ್ಟಿನ ಮೊಗಸಾಲೆಯಲ್ಲಿ ಅವಳಿಗೆ 'ಇನ್ನೊಂದ್ಸಲ' ಎಂದೇ ಹೆಸರು. ಯಾವ ಕಾಗದ ಕೊಟ್ಟರೂ "ಇನ್ನೊಂದ್ಸಲ ನೋಡ್ತೀನಿ" ಅನ್ನುವಳು, ಮನೆಗೆ ಬೀಗ ಹಾಕಿ ಅರ್ಧ ದಾರಿಗೆ ಬಂದು ಇನ್ನೊಂದ್ಸಲ ಎಳೆದು ನೋಡಲು ಹಿಂದೆ ಓಡುವಳು. ಬಹುಶಃ ಅದಕ್ಕೇ ಆರಿಸಿದ್ದರೇನೋ. ಅಥವಾ ಹೆದರಿಸಿದರೆ ಹೆದರುವಳು ಎಂದು ಮಿಲ್ಲಿನ ಕಡೆಯವರು ಆಕ್ಷೇಪಿಸದೆ ಸುಮ್ಮನಾದರೇನೋ. ಈ ಎರಡನೆಯ ಯೋಚನೆ ಬೆಳಗಿನಿಂದ ಅವಳನ್ನು ಚುಚ್ಚುತ್ತಿತ್ತು.

"ಒಳಗೆ ಹೋಗೋಣ," ಎಂದಳು.

ಒಳಗೆ ಹತ್ತಿಯ ಧೂಳು ಮಂಜಿನ ಹಾಗೆ ತೇಲುತ್ತಿತ್ತು. ಸಾಲು ಸಾಲು ಮಗ್ಗಗಳು, ಅತ್ತಿಂದಿತ್ತ ಗುಂಡು ಹಾರಿಸಿದಂತೆ ಓಡುವ ಲಾಳಿಗಳು, ಕಾಲ ಕೆಳಗೆ ನಡುಗುವ ನೆಲ. ಅಮೀನರ ಮುಖ ನೋಡಿದರೆ ಯುದ್ಧಭೂಮಿಗೆ ಬಂದವರ ಹಾಗಿತ್ತು. ಅವಳಿಗೆ ಮಾತ್ರ ಬೇರೆಯೇ ಅನಿಸಿತು. ಅಮ್ಮನ ಸೀರೆಯ ವಾಸನೆ ಬಂದ ಹಾಗೆ.

ಅವಳ ತಾಯಿ ಬದುಕಿಡೀ ಇಂಥದೇ ಒಂದು ಶೆಡ್ಡಿನಲ್ಲಿ ನೇಯ್ದವಳು. ಊರಾಚೆಯ ಹಳೇ ಮಿಲ್ಲು, ಈಗ ಮುಚ್ಚಿಹೋಗಿದೆ. ಆ ಸದ್ದಿನಲ್ಲಿ ಕೂಗಿ ಮಾತಾಡುವವರಿಲ್ಲ, ಕೂಗಿದರೆ ಗಂಟಲು ಹರಿಯುತ್ತದೆಯೇ ಹೊರತು ಮಾತು ಮುಟ್ಟುವುದಿಲ್ಲ. ನೇಯುವವರು ದನಿ ಇಲ್ಲದೆ, ಬಾಯಿಯನ್ನು ಅಗಲವಾಗಿ ಬಿಡಿಸಿ, ತುಟಿಯಲ್ಲೇ ಮಾತಾಡುತ್ತಾರೆ. ಎದುರಿನವರು ಕಣ್ಣಿನಲ್ಲಿ ಕೇಳಿಸಿಕೊಳ್ಳುತ್ತಾರೆ. ಒಂದು ಸಲ ರೂಢಿಯಾದರೆ ಸಾಯುವವರೆಗೂ ಬಿಡುವುದಿಲ್ಲ. ಅಮ್ಮ ಕೆಲಸ ಬಿಟ್ಟು ಎಷ್ಟೋ ಕಾಲವಾಗಿದ್ದರೂ, ಸಾರಿಗೆ ಉಪ್ಪು ಹಾಕಿದೆಯಾ ಎನ್ನುವುದನ್ನು ಇಂದಿಗೂ ತುಟಿಯಲ್ಲೇ ಕೇಳುತ್ತಾಳೆ. ಮಗಳು ಮಾತು ಕಲಿತದ್ದೇ ಹಾಗೆ, ಮೊದಲು ತುಟಿ, ಆಮೇಲೆ ದನಿ.

ಆದ್ದರಿಂದ ಅವಳಿಗೆ ಆ ಶೆಡ್ಡು ಬರೀ ಸದ್ದಾಗಿ ಕಾಣಲಿಲ್ಲ. ಸಂತೆಯ ಹಾಗೆ ಮಾತು ತುಂಬಿತ್ತು.

‘ಬಂದ ನೋಡು, ಹರಳೆಣ್ಣೆ ಕುಡಿದ ಮುಖದವನು,’ ಎಂದಳು ಕಿಟಕಿ ಪಕ್ಕದ ಮಗ್ಗದ ಅಜ್ಜಿ, ಮ್ಯಾನೇಜರನಿಗೆ ಕೈ ಮುಗಿಯುತ್ತಾ.

‘ಇವತ್ತು ಜೊತೆಗೆ ಹೆಣ್ಣೊಂದನ್ನು ಕರ್ಕೊಂಡು ಬಂದಿದಾನೆ. ಪಾಪ, ಯಾರ ಮಗಳೋ,’ ಎಂದಳು ಎದುರು ಸಾಲಿನವಳು.

ಮ್ಯಾನೇಜರ್ ಅಜ್ಜಿಗೆ ತಲೆಯಾಡಿಸಿ ಮುಗುಳ್ನಕ್ಕ. ಅವನು ಹೋದ ವರ್ಷವಷ್ಟೇ ಬೇರೆ ಊರಿನಿಂದ ಬಂದವನು, ಗರಿಮುರಿ ಇಸ್ತ್ರಿಯ ಅಂಗಿ, ಹೊಳೆಯುವ ಬೂಟು. ಮುಖದೆದುರೇ ಬೈಸಿಕೊಂಡು ಹಲ್ಲು ಬಿಡುತ್ತಿದ್ದಾನಲ್ಲ ಎಂದು ವಕೀಲೆಗೆ ನಗು ಉಕ್ಕಿ ಬಂತು. ಕೆಮ್ಮಿದ ಹಾಗೆ ಮಾಡಿ ನುಂಗಿಕೊಂಡಳು.

ಮೂಲೆ ಮಗ್ಗದ ಹತ್ತಿರ ಹೋದಾಗ ನಗು ತಾನಾಗಿ ಆರಿತು.

ಅಲ್ಲಿದ್ದವನು ಎತ್ತರ, ಮೈಕಟ್ಟು, ಮೀಸೆ ಎಲ್ಲದರಲ್ಲೂ ಅವಳ ಕಡತದಲ್ಲಿದ್ದ, ಮುಖ ಮಸುಕಾದ ಹಳೇ ಫೋಟೋಗೆ ಹೊಂದುತ್ತಿದ್ದ. ಮೀಸೆ ಕಂಡದ್ದು ಅವನು ಮುಖದ ಬಟ್ಟೆ ಇಳಿಸಿದ ಮೇಲೆ. ಅದುವರೆಗೆ ಅವನ ಮೂಗು ಬಾಯಿಗೆ ಅಡ್ಡವಾಗಿ ಒಂದು ಬಟ್ಟೆ ಕಟ್ಟಿತ್ತು.

ಅವಳು ಸುತ್ತ ನೋಡಿದಳು. ಇನ್ನೊಂದ್ಸಲ ನೋಡಿದಳು. ಇಡೀ ಶೆಡ್ಡಿನಲ್ಲಿ ಬಾಯಿ ಮುಚ್ಚಿಕೊಂಡವನು ಇವನೊಬ್ಬನೇ. ಧೂಳಿಗೆ ಕೆಮ್ಮಿ ಕೆಮ್ಮಿ ಎದೆ ಹಿಡಿಸಿಕೊಂಡರೂ ನೇಯುವವರು ಬಾಯಿಗೆ ಬಟ್ಟೆ ಕಟ್ಟುವುದಿಲ್ಲ. ಕಟ್ಟಿದರೆ ಮಾತು ಹೋಯಿತು, ಮೂಕನಾದ ಹಾಗೆ. ಈ ವಿಷಯಕ್ಕೆ ಅಮ್ಮ ಡಾಕ್ಟರ ಹತ್ತಿರ ಬೈಸಿಕೊಂಡದ್ದು ಅವಳಿಗೆ ನೆನಪಿತ್ತು.

ಅವನ ಕೊರಳಿನಲ್ಲಿ ನೂಲು ಕತ್ತರಿಸುವ ಪುಟ್ಟ ಕತ್ತರಿ ತೂಗುತ್ತಿತ್ತು. ದಾರ ಕಪ್ಪು, ಹೊಚ್ಚ ಹೊಸದು. ಮೇಸ್ತ್ರಿಯ ಕತ್ತರಿಗೆ ಅವನ ಹೆಂಡತಿ ಬಿಳಿ ನೂಲಿನಲ್ಲಿ ಜಡೆ ಹೆಣೆದ ದಾರ ಹಾಕಿಕೊಟ್ಟಿದ್ದಳು. ಮದುವೆಯಾದ ಹೊಸದರಲ್ಲಿ ಹೆಣೆದದ್ದಂತೆ, ಮಾಸಿದಾಗೆಲ್ಲ ಒಗೆದು ಮತ್ತೆ ಕಟ್ಟುತ್ತಿದ್ದಳಂತೆ.

ಅದು ವಕೀಲೆಗೆ ಹೇಗೆ ಗೊತ್ತು? ಅದೊಂದು ಮುಳ್ಳು. ನಿನ್ನೆ ಸಂಜೆ ಮೇಸ್ತ್ರಿಯ ಹೆಂಡತಿ ಅವಳ ಮನೆಗೆ ಬಂದಿದ್ದಳು. ಹಳೇ ಮಿಲ್ಲಿನಲ್ಲಿ ಅಮ್ಮನ ಪಕ್ಕದ ಮಗ್ಗದವಳು ಅವಳು. ಕಮಿಷನರ್ ಆದವಳು ಒಂದು ಪಕ್ಷದವರ ಜೊತೆ ಗುಟ್ಟಾಗಿ ಮಾತಾಡಬಾರದು. "ಅಕ್ಕಾ, ನನ್ನ ಹತ್ರ ಏನೂ ಹೇಳ್ಬೇಡಿ, ದಯವಿಟ್ಟು," ಎಂದು ಕೈ ಮುಗಿದು ಇವಳು ಅಡುಗೆಮನೆ ಸೇರಿದ್ದಳು. ಬಾಗಿಲು ಮಾತ್ರ ತೆರೆದೇ ಇತ್ತು. ಹೊರಗೆ ಅಮ್ಮನೂ ಆ ಹೆಂಗಸೂ ದನಿಯಿಲ್ಲದೆ ಅಷ್ಟು ಹೊತ್ತು ಮಾತಾಡಿದರು. ಪೊಲೀಸರು ದೂರು ತೆಗೆದುಕೊಳ್ಳುತ್ತಿಲ್ಲ, ಮಿಲ್ಲಿನ ಹಾಜರಿ ಪುಸ್ತಕ ತೋರಿಸಿ ‘ನಿನ್ನ ಗಂಡ ಕೆಲಸದಲ್ಲಿದ್ದಾನಲ್ಲಮ್ಮ’ ಎಂದು ಕಳಿಸುತ್ತಿದ್ದಾರೆ ಎಂದದ್ದು, ಕತ್ತರಿಯ ದಾರ, ಕೊನೆಗೆ ಅತ್ತದ್ದು. ಇವಳು ಒಂದು ಮಾತೂ ಕೇಳಿಸಿಕೊಂಡಿರಲಿಲ್ಲ. ನೋಡಿದ್ದಳು ಅಷ್ಟೇ. ಅದು ತಪ್ಪೋ ಅಲ್ಲವೋ ಎಂದು ರಾತ್ರಿಯೆಲ್ಲ ಮಗ್ಗುಲು ಬದಲಿಸಿದ್ದಳು.

ಈಗ ಅವಳು ಮೂಲೆ ಮಗ್ಗದವನ ಎದುರು ನಿಂತು, ದನಿ ತೆಗೆಯದೆ, ಬಾಯಿ ಅಗಲಿಸಿ, ಅಮ್ಮನ ಹಾಗೇ ಕೇಳಿದಳು.

‘ನಿಮ್ಮ ಹೆಂಡತಿ ಮುಂಚೆ ಯಾವ ಮಿಲ್ಲಿನಲ್ಲಿದ್ದರು?’

ಅವನು ಕಣ್ಣು ಪಿಳಿಪಿಳಿ ಬಿಟ್ಟ. ಕಿವಿಗೆ ಕೈ ಆನಿಸಿಕೊಂಡ.

"ಆಂ? ಏನು? ಜೋರಾಗಿ ಹೇಳೀ!" ಎಂದು ಗಂಟಲು ಹರಿಯುವ ಹಾಗೆ ಅರಚಿದ.

ಅಕ್ಕಪಕ್ಕದ ಮಗ್ಗದವರು ಸರಕ್ಕನೆ ತಲೆ ತಗ್ಗಿಸಿದರು. ಮ್ಯಾನೇಜರ್ ಬಾಗಿ ಅವನ ಕಿವಿಗೆ ಬಾಯಿಟ್ಟು ಏನೋ ಹೇಳಿದ.

"ಹಳೇ ಮಿಲ್ಲು!" ಎಂದು ಅವನು ಮತ್ತೆ ಅರಚಿದ. "ಮುಚ್ಚಿ ಹೋಯ್ತಲ್ಲ, ಅದೇ! ಹೆಂಡತಿ ಅಲ್ಲೇ ಇದ್ದಿದ್ದು!"

ಅವಳು ತಲೆಯಾಡಿಸಿ ಬರೆದುಕೊಂಡಳು. ಸಿಕ್ಕಿತು! ಈ ಶೆಡ್ಡಿನಲ್ಲಿ ಅರಚುವವನು ಇವನೊಬ್ಬನೇ. ಇವನು ಮಗ್ಗದ ಮುಂದೆ ನಿಂತಿರಬಹುದು, ನೇಯ್ದವನಲ್ಲ. ಆ ಖುಷಿಯಲ್ಲಿ ಅವಳು ಬೇರೇನನ್ನೂ ಇನ್ನೊಂದ್ಸಲ ನೋಡಲಿಲ್ಲ.

ಹೊರಡುವಾಗ ಕಿಟಕಿಯ ಅಜ್ಜಿಯ ಕಡೆ ತಿರುಗಿ ತುಟಿ ಆಡಿಸಿದಳು. ಮ್ಯಾನೇಜರ್ ಪಕ್ಕದಲ್ಲೇ ಇದ್ದ. ಇದ್ದರೇನು, ಬೈಗುಳಕ್ಕೆ ಮುಗುಳ್ನಗುವವನು.

‘ಅಜ್ಜಿ, ಆ ಮೂಲೆಯವನು ಯಾರು?’

ಅಜ್ಜಿಯ ಕೈಯಲ್ಲಿದ್ದ ನೂಲು ಜಾರಿತು. ಈ ಪೇಟೆಯ ಹುಡುಗಿಯ ಬಾಯಲ್ಲಿ ತಮ್ಮ ಮಾತು! ಅವಳು ಮಗ್ಗದ ಮೇಲೆ ಬಾಗಿದ ಹಾಗೆ ಮಾಡಿ ಹೇಳಿದಳು.

‘ಗೊತ್ತಿಲ್ಲ ಮಗಾ. ಮೇಸ್ತ್ರಿ ಅಲ್ಲ. ಸೋಮವಾರದಿಂದ ತಂದು ನಿಲ್ಸಿದಾರೆ.’

*

ಮ್ಯಾನೇಜರನ ಕೋಣೆಯಲ್ಲಿ ಬಾಗಿಲು ಮುಚ್ಚಿದ ಮೇಲೆ ಕಿವಿಯಲ್ಲಿ ಗುಂಯ್ ಎನ್ನುವುದೊಂದೇ ಉಳಿಯಿತು. ಕಿಟಕಿಯಾಚೆ ಅಂಗಳ, ಅಂಗಳದ ಕೊನೆಗೆ ಹಬೆ ಕಾರುವ ಉದ್ದನೆಯ ತಗಡಿನ ಕಟ್ಟಡ, ಅದರ ಬುಡದಿಂದ ಹೊರಬರುವ ನೀಲಿ ನೀರಿನ ಚರಂಡಿ.

"ಅದೇನು?" ಎಂದು ಕೇಳಿದಳು.

"ಬಣ್ಣದ ಮನೆ. ನೂಲಿಗೆ ಬಣ್ಣ ಹಾಕೋದು. ಅದು ಆದೇಶದಲ್ಲಿಲ್ಲ ಮೇಡಂ, ಮಗ್ಗದ ಶೆಡ್ಡು ಮಾತ್ರ ನೋಡೋಕೆ ಹೇಳಿರೋದು." ಮ್ಯಾನೇಜರ್ ಬಿಳಿ ಹಾಳೆಯೊಂದನ್ನು ಅವಳ ಮುಂದೆ ಸರಿಸಿದ. "ಬರೀರಿ. ಅರ್ಜಿದಾರ ತನ್ನ ಮಗ್ಗದಲ್ಲಿ ಕೆಲಸ ಮಾಡ್ತಿರೋದನ್ನ ಕಂಡೆ, ಆದೇಶ ಪಾಲನೆಯಾಗಿದೆ. ಎರಡು ಸಾಲು. ನಿಮಗೂ ಊಟದ ಹೊತ್ತು."

"ಕಂಡೆ ಅಂತ ಬರೀಬಹುದು. ಯಾರನ್ನ ಕಂಡೆ ಅಂತ ಬರೀಲಿ?"

"ಅದ್ಯಾಕೆ ಹಾಗಂತೀರಿ?" ಅವನು ಗುರುತಿನ ಚೀಟಿಯೊಂದನ್ನು ಮೇಜಿನ ಮೇಲಿಟ್ಟ. ಮೂಲೆ ಮಗ್ಗದವನ ಫೋಟೋ, ಕೆಳಗೆ ಮೇಸ್ತ್ರಿಯ ಹೆಸರು.

"ಚೀಟಿ ಹೊಸದು."

"ಕೆಲಸದಿಂದ ತೆಗೆದಾಗ ಹಳೇದು ಕಿತ್ಕೊಂಡ್ವಿ. ವಾಪಸ್ ತಗೊಂಡ್ಮೇಲೆ ಹೊಸದು ಕೊಡಬೇಡ್ವಾ? ಅದೂ ಆದೇಶ ಪಾಲನೆನೇ ಅಲ್ವಾ?"

ಅಮೀನರು ಗಂಟಲು ಸರಿಮಾಡಿಕೊಂಡರು. "ಆದೇಶ ಪಾಲಿಸೋದ್ರಲ್ಲಿ ಇಷ್ಟು ಉತ್ಸಾಹ ಇರೋರನ್ನ ನಾನು ನೋಡೇ ಇಲ್ಲ ಸಾಹೇಬ್ರೇ. ನಾನು ನೋಟಿಸು ತಂದಾಗೆಲ್ಲ ಇದೇ ಗೇಟಲ್ಲಿ ನಾಯಿ ಬಿಟ್ಟಿದ್ರಿ."

"ನಾಯಿ ವಯಸ್ಸಾಗಿ ಸತ್ತೋಯ್ತು," ಎಂದ ಮ್ಯಾನೇಜರ್ ನಗದೆ.

ವಕೀಲೆ ಆ ಚೀಟಿಯನ್ನೇ ನೋಡುತ್ತಿದ್ದಳು. ಒಂದು ಲೆಕ್ಕ ಬೆಳಗಿನಿಂದ ಕೂಡಿರಲಿಲ್ಲ. ಕೆಲಸ ಕೊಡುವುದು ಇಷ್ಟು ಕಷ್ಟವೇ? ಮೇಸ್ತ್ರಿಯನ್ನೇ ಮಗ್ಗದ ಮುಂದೆ ನಿಲ್ಲಿಸಿ ಕೈತೊಳೆದುಕೊಳ್ಳಬಹುದಿತ್ತು. ಒಬ್ಬನನ್ನು ಮರೆಮಾಡಿ ಇನ್ನೊಬ್ಬನನ್ನು ತಂದು ನಿಲ್ಲಿಸುವ ಗೋಜು ಯಾಕೆ?

ಬಾಯ್ಲರ್ ಪ್ರಕರಣ. ಬರುವ ವಾರ ಅದರ ಸಾಕ್ಷಿ ವಿಚಾರಣೆ.

ಮೇಸ್ತ್ರಿಯ ಮುಖ ನೋಡಿದ್ದ ಹಳೇ ನ್ಯಾಯಾಧೀಶರಿಗೆ ವರ್ಗವಾಗಿತ್ತು. ಅವನ ಪರ ನಿಂತಿದ್ದ ಮುದಿ ವಕೀಲರು ಮಾತು ನಿಂತು ಆಸ್ಪತ್ರೆಯಲ್ಲಿ ಮಲಗಿದ್ದರು. ಈಗ ಇವಳು ಹೌದು, ಇವನೇ ಅವನು ಎಂದು ಬರೆದುಕೊಟ್ಟರೆ ಮುಗಿಯಿತು. ಮೂಲೆ ಮಗ್ಗದವನಿಗೆ ಕೋರ್ಟಿನ ಮುದ್ರೆ ಬೀಳುತ್ತದೆ. ಬರುವ ವಾರ ಸಾಕ್ಷಿಯ ಕಟಕಟೆ ಹತ್ತಿ "ಬಾಯ್ಲರ್ ಸರಿಯಾಗೇ ಇತ್ತು" ಎನ್ನುವವನು ಇವನೇ. ಆಗ ಅಸಲಿ ಮೇಸ್ತ್ರಿ ಯಾರಿಗೆ ಬೇಕು?

ಆದರೆ ಇದನ್ನೆಲ್ಲ ವರದಿಯಲ್ಲಿ ಬರೆಯುವುದು ಹೇಗೆ? ‘ಸದರಿ ವ್ಯಕ್ತಿಗೆ ತುಟಿ ಓದಲು ಬರಲಿಲ್ಲ’ ಎಂದೇ? ಇಡೀ ಕೋರ್ಟು ಹೊಟ್ಟೆ ಹಿಡಿದುಕೊಂಡು ನಗುತ್ತದೆ. ಅಜ್ಜಿಯ ಮಾತೂ ಅಷ್ಟೇ, ದನಿಯಿಲ್ಲದ ಸಾಕ್ಷಿ. ತನ್ನದೇ ತಪ್ಪು ತಿಳಿವಳಿಕೆಯಾಗಿದ್ದರೆ? ಅರಚುವ ಅಭ್ಯಾಸ ಒಬ್ಬನಿಗೆ ಇರಬಾರದು ಅಂತೇನಿಲ್ಲವಲ್ಲ. ಗುರುತಿಸುವವರು ಬೇಕು. ಬಾಯಿಬಿಟ್ಟು ಹೇಳುವವರು ಬೇಕು.

"ಅವರ ಹೆಂಡತಿ ಗೇಟಿನ ಹತ್ತಿರ ನಿಂತಿದ್ದಾರೆ. ಒಳಗೆ ಕರೆಸಿ."

"ಆದೇಶ ಓದಿ ಮೇಡಂ." ಅವನಿಗೆ ಅದು ಬಾಯಿಪಾಠವಾಗಿತ್ತು. "ಕಮಿಷನರ್ ಮತ್ತು ಅಮೀನರು ಮಾತ್ರ ಮಿಲ್ಲಿನ ಆವರಣವನ್ನು ಪ್ರವೇಶಿಸತಕ್ಕದ್ದು. ‘ಮಾತ್ರ’ ಅಂದ್ರೆ ನಿಮಗೆ ನಾನು ಹೇಳಿಕೊಡಬೇಕಾ? ನೀವೇ ಆದೇಶ ಮೀರಿದ್ರಿ ಅಂತ ನಮ್ಮ ವಕೀಲರು ಅರ್ಜಿ ಹಾಕಿದ್ರೆ, ಪಾಪ, ನ್ಯಾಯಾಂಗ ನಿಂದನೆ ನಮ್ಮ ಯಜಮಾನರದ್ದಾಗಲ್ಲ. ನಿಮ್ಮದಾಗುತ್ತೆ."

ಅವಳು ಬಿಳಿ ಹಾಳೆಯನ್ನು ಅವನ ಕಡೆಗೇ ಹಿಂದೆ ಸರಿಸಿದಳು.

"ಆ ಹೆಂಗಸಿನ ಮಾತಿಗೆ ನೀವು ಯಾಕೆ ಇಷ್ಟು ಬೆಲೆ ಕೊಡ್ತೀರಿ ಅನ್ನೋದೂ ನನಗೆ ಗೊತ್ತು," ಎಂದು ಅವನು ದನಿ ಇಳಿಸಿದ. "ನಿನ್ನೆ ಸಂಜೆ ನಿಮ್ಮ ಮನೆಯಿಂದ ಕಣ್ಣೊರೆಸ್ಕೊಂಡು ಹೊರಗೆ ಬಂದ್ರಲ್ಲ. ನೋಡಿದವರಿದಾರೆ."

ಅಮೀನರು ಬೆಚ್ಚಿ ಅವಳ ಕಡೆ ನೋಡಿದರು.

"ನಾನು ಅವರ ಜೊತೆ ಒಂದು ಮಾತೂ ಆಡಿಲ್ಲ."

"ನಂಬೋಣ. ನ್ಯಾಯಾಧೀಶರೂ ನಂಬಲಿ ಅಂತ ಬೇಡ್ಕೋಣ."

ಎದ್ದು ಹೋಗಿಬಿಡೋಣ ಅನಿಸಿತು ಅವಳಿಗೆ. ಯಾವುದೋ ಒಂದು ನೆಪ ಬರೆದು, ಈ ಕೆಲಸ ಬೇರೆಯವರಿಗೆ ಕೊಡಿ ಎಂದು ಕೈಮುಗಿದು ಮನೆಗೆ ಹೋಗಿ ಅಮ್ಮನ ಪಕ್ಕ ಕೂತುಬಿಡೋಣ ಅ‌ನಿಸಿತು. ಅಮ್ಮ ಏನೂ ಕೇಳುವುದಿಲ್ಲ. ತುಟಿ ಮಾತ್ರ ಆಡಿಸುತ್ತಾಳೆ. ‘ಆ ಹೆಂಗಸಿನ ಗಂಡ ಏನಾದ?’

ಅವಳು ಕಡತದಿಂದ ಆದೇಶದ ಪ್ರತಿ ತೆಗೆದಳು.

"ಇನ್ನೊಂದ್ಸಲ ನೋಡ್ತೀನಿ."

"ನೋಡಿ ನೋಡಿ. ನಿಮ್ಮ ಹೆಸರೇ ಅದಂತಲ್ಲ," ಎಂದು ಮ್ಯಾನೇಜರ್ ಕುರ್ಚಿಗೊರಗಿದ.

ಅವಳು ಸಾಲು ಸಾಲಾಗಿ ಬೆರಳಿಟ್ಟು ಓದಿದಳು. ಮತ್ತೆ ಮೇಲಿನಿಂದ ಓದಿದಳು. ಬೆರಳು ಒಂದು ಕಡೆ ನಿಂತಿತು.

"‘ಅರ್ಜಿದಾರನ ಗುರುತನ್ನು ಖಚಿತಪಡಿಸಿಕೊಂಡು’ ಅಂತಿದೆ. ಹೇಗೆ ಅಂತ ಹೇಳಿಲ್ಲ, ಅದು ನನಗೆ ಬಿಟ್ಟಿದ್ದು. ನಿಮ್ಮ ಆವರಣ ಎಲ್ಲಿಗೆ ಮುಗಿಯುತ್ತೆ?"

"ಗೇಟಿಗೆ."

"ಗೇಟಿನಾಚೆ?"

"ರಸ್ತೆ. ಯಾಕೆ?"

"ಮೇಸ್ತ್ರಿಯ ಹೆಂಡತಿ ರಸ್ತೆಯಲ್ಲೇ ನಿಂತಿರಲಿ, ಒಳಗೆ ಹೆಜ್ಜೆ ಇಡೋದು ಬೇಡ. ನಿಮ್ಮ ಮೇಸ್ತ್ರಿ ಗೇಟಿನ ಈಚೆ ನಿಲ್ಲಲಿ. ನಾನು ನಡುವೆ ನಿಂತು ಬರ್ಕೋತೀನಿ. ಆದೇಶದಲ್ಲಿ ಇದಕ್ಕೆ ಅಡ್ಡ ಬರೋ ಒಂದು ಅಕ್ಷರ ತೋರಿಸಿ, ನಾನು ಇಲ್ಲೇ ನಿಮ್ಮ ಎರಡು ಸಾಲು ಬರೆದು ಹೋಗ್ತೀನಿ."

ಅಮೀನರ ಮುಖ ಅರಳಿತು. "ಭಲೇ ತಾಯಿ!" ಎಂದುಬಿಟ್ಟು, ತಾನು ಸರ್ಕಾರಿ ನೌಕರ ಎಂಬುದು ನೆನಪಾಗಿ ಬಾಯಿಗೆ ಕೈ ಅಡ್ಡ ಹಿಡಿದರು.

ಮ್ಯಾನೇಜರ್ ಅವಳನ್ನೇ ನೋಡಿದ. ಕೋಪ ಬರಬಹುದು, ಕೂಗಾಡಬಹುದು ಎಂದು ಅವಳು ಕಾದಳು. ಅವನು ಭುಜ ಹಾರಿಸಿದ.

"ಆಗಲಿ ಬಿಡಿ. ಅದೂ ಆಗಿಹೋಗಲಿ."

ಫೋನೆತ್ತಿ ಗೇಟಿನವನಿಗೆ ಹೇಳಿದ. "ಮೇಸ್ತ್ರಿ ಮನೆಯವರು ಬಿಸಿಲಲ್ಲಿ ನಿಂತಿದಾರೆ ನೋಡು. ಅವರಿಗೆ ಕುಡಿಯೋಕೆ ನೀರು ಕೊಡು. ನಾವು ಬರ್ತಿದೀವಿ."

ಇಷ್ಟು ಸುಲಭವಾಗಿ ಒಪ್ಪಿದನಲ್ಲ.

*

ಅಂಗಳ ದಾಟುವಾಗ ಮೂಲೆ ಮಗ್ಗದವನು ಅಮೀನರ ಪಕ್ಕ ನಡೆದ. ಅಂಗೈ ಬೆವರನ್ನು ಪದೇ ಪದೇ ಪ್ಯಾಂಟಿಗೆ ಒರೆಸಿಕೊಳ್ಳುತ್ತಿದ್ದ. "ಬೇಗ ಮುಗಿಯುತ್ತಾ ಅಣ್ಣಾ?" ಎಂದು ಎರಡು ಸಲ ಕೇಳಿದ.

"ಹೆಂಡ್ತಿ ಮುಖ ನೋಡೋಕೆ ಇಷ್ಟು ಅವಸರವೋ, ಇಷ್ಟು ಹೆದರಿಕೆಯೋ?" ಎಂದರು ಅಮೀನರು. "ಎರಡೂ ಇದ್ರೆ ನೀನು ಗಂಡನೇ ಬಿಡಪ್ಪ."

ವಕೀಲೆ ತಿರುಗಿ ನೋಡಿದ್ದು ಅಕಸ್ಮಾತ್ತಾಗಿ. ಶೆಡ್ಡಿನ ಹಿಂಬಾಗಿಲಿನಿಂದ ಇಬ್ಬರು ಕಾವಲುಗಾರರು ಯಾರನ್ನೋ ನಡೆಸಿಕೊಂಡು ಹೋಗುತ್ತಿದ್ದರು. ಬಾಗಿದ ಬೆನ್ನು, ತಲೆಗೆ ಸುತ್ತಿದ ಬಟ್ಟೆ. ಕಿಟಕಿಯ ಅಜ್ಜಿ. ಹೋಗುತ್ತಿದ್ದದ್ದು ಬಣ್ಣದ ಮನೆಯ ಕಡೆಗೆ.

"ಆ ಅಜ್ಜಿಯನ್ನ ಎಲ್ಲಿಗೆ ಕರ್ಕೊಂಡು ಹೋಗ್ತಿದಾರೆ?"

"ಯಾರೋ ತಲೆಸುತ್ತು ಅಂದ್ರಂತೆ," ಎಂದ ಮ್ಯಾನೇಜರ್ ನಡಿಗೆ ನಿಲ್ಲಿಸದೆ. "ವಯಸ್ಸಾಯ್ತು ನೋಡಿ. ಕೈ ಆಡಬೇಕಾದ ಕಡೆ ಬಾಯಿ ಆಡುತ್ತೆ."

ಶೆಡ್ಡಿನಲ್ಲಿ ಅಷ್ಟು ಜನರಿದ್ದರು. ಅಜ್ಜಿಯೇ ಯಾಕೆ? ಅವಳು ತನ್ನ ಜೊತೆ ಮಾತಾಡಿದ್ದು ಯಾರಿಗೂ ಕೇಳಿಸಿರಲು ಸಾಧ್ಯವಿಲ್ಲ. ಕೇಳಿಸುವಂಥ ಮಾತೇ ಅಲ್ಲ ಅದು. ವಕೀಲೆ ಆ ಪ್ರಶ್ನೆಯನ್ನು ಹಿಡಿದು ಜಗ್ಗುವಷ್ಟರಲ್ಲಿ ಗೇಟು ಬಂತು.

ಮೇಸ್ತ್ರಿಯ ಹೆಂಡತಿ ಕಂಬಿಗಳಾಚೆ ನಿಂತಿದ್ದಳು. ಬೆಳಿಗ್ಗೆ ಇದೇ ಜಾಗದಲ್ಲಿ ಕಣ್ಣಲ್ಲಿ ಕಿಡಿ ಇಟ್ಟುಕೊಂಡು ನಿಂತಿದ್ದ ಹೆಂಗಸು ಅವಳೇನಾ ಅನಿಸಿತು. ಮುಖದಲ್ಲಿ ರಕ್ತವೇ ಇರಲಿಲ್ಲ. ಕಾಲ ಬಳಿ ನೀರಿನ ಲೋಟ, ತುಂಬಿದ್ದು ತುಂಬಿದ ಹಾಗೇ ಇತ್ತು. ಬಲಗೈಯನ್ನು ಮುಷ್ಟಿ ಕಟ್ಟಿ ಸೆರಗಿನೊಳಗೆ ಹಿಡಿದಿದ್ದಳು.

"ಅಕ್ಕಾ," ಎಂದಳು ವಕೀಲೆ. ಎಲ್ಲರಿಗೂ ಕೇಳುವ ಹಾಗೆ, ಒಂದೊಂದೇ ಮಾತನ್ನು ಬಿಡಿಸಿ ಕೇಳಿದಳು. "ನಾನು ಕೋರ್ಟಿನ ಪರವಾಗಿ ಕೇಳ್ತಿದೀನಿ. ಯಾರಿಗೂ ಹೆದರಬೇಡಿ. ಇವರನ್ನ ಸರಿಯಾಗಿ ನೋಡಿ ಹೇಳಿ. ಇವರು ಯಾರು?"

ಮೂಲೆ ಮಗ್ಗದವನು ನೆಲ ನೋಡಿದ.

ಅವನ ಹೆಂಡತಿ ಎನಿಸಿಕೊಳ್ಳಬೇಕಾದವಳು ಅವನನ್ನು ತಲೆಯಿಂದ ಕಾಲಿನವರೆಗೆ ನೋಡಿದಳು. ಅವನ ಕೊರಳಿನ ಕಪ್ಪು ದಾರದ ಮೇಲೆ ಕಣ್ಣು ಒಂದು ಗಳಿಗೆ ನಿಂತಿತು.

"ಹೌದು," ಎಂದಳು. ದನಿ ಬಾವಿಯೊಳಗಿನಿಂದ ಬಂದ ಹಾಗಿತ್ತು. "ಇವರೇ ನಮ್ಮ ಮನೆಯವರು."

ಅಮೀನರ ಕೈಯಲ್ಲಿದ್ದ ಕಡತ ಜಾರಿ ಧೂಳಿಗೆ ಬಿತ್ತು.

ವಕೀಲೆ ಬರೆಯುವುದನ್ನು ನಿಲ್ಲಿಸಿದಳು. ಅಂದರೆ ನಾನೇ ತಪ್ಪು. ಬಟ್ಟೆ, ದಾರ, ಅರಚಾಟ, ಎಲ್ಲ ನನ್ನ ತಲೆಯೊಳಗಿನ ಕತೆ. ಮರ್ಯಾದಸ್ಥ ಮನುಷ್ಯನೊಬ್ಬನನ್ನು ಬೀದಿಯಲ್ಲಿ ನಿಲ್ಲಿಸಿ...

ಆಗ ಕಂಡಿತು. ಸೆರಗಿನ ಅಂಚಿನಿಂದ ಒಂದು ಹನಿ ಕೆಳಗೆ ಬಿತ್ತು. ನೀಲಿ. ಮುಷ್ಟಿಯ ಸಂದಿನಿಂದ ಜಡೆ ಹೆಣೆದ ದಾರದ ತುದಿ ಇಣುಕುತ್ತಿತ್ತು, ಹಸಿಯಾಗಿ, ಬಣ್ಣ ಸೋರುತ್ತಾ. ಬಿಳಿಯಾಗಿರಬೇಕಾದ ದಾರ. ನೀರು ಕೊಡಲು ಬಂದವನು ನೀರಿನ ಜೊತೆ ಕೊಟ್ಟು ಹೋದದ್ದು.

ಅವಳು ಹೆಂಗಸಿನ ಮುಖಕ್ಕೆ ಕಣ್ಣೆತ್ತಿದಳು. ಆ ತುಟಿಗಳು ಆಡುತ್ತಿದ್ದವು. ದನಿಯಿರಲಿಲ್ಲ.

‘ಅಲ್ಲ. ಇವರಲ್ಲ. ಬದುಕಿದಾರೆ. ಬಣ್ಣದ ಮನೆ.’

ಮುಖದಲ್ಲಿ ಏನೂ ತೋರಬಾರದು. ವಕೀಲೆ ಕಾಗದದ ಮೇಲೆ ಪೆನ್ನಿಟ್ಟು, ಮಂದಬುದ್ಧಿಯವಳ ಹಾಗೆ ಕೇಳಿದಳು.

"ಸರಿಯಾಗಿ ಕೇಳಿಸ್ಲಿಲ್ಲ ಅಕ್ಕಾ. ಇನ್ನೊಂದ್ಸಲ ಹೇಳಿ."

"ಅಯ್ಯೋ ದೇವರೇ," ಎಂದು ಮ್ಯಾನೇಜರ್ ಪಕ್ಕದಲ್ಲಿ ನಿಟ್ಟುಸಿರು ಬಿಟ್ಟ.

"ಇವರೇ ನಮ್ಮ ಮನೆಯವರು," ಎಂದಿತು ದನಿ. ‘ಅಲ್ಲ ಅಂದ್ರೆ ಕೊಲ್ತಾರಂತೆ,’ ಎಂದಿತು ತುಟಿ. ‘ಹೌದು ಅಂತ ಬರಿ ತಂಗಿ. ಆಮೇಲೆ ಹೇಗಾದ್ರೂ ಬಿಡಿಸು.’

ಪಾಪ, ಅವಳಿಗೇನು ಗೊತ್ತು. ಹೌದು ಎಂದು ಬರೆದ ಗಳಿಗೆಯಿಂದ ಅವಳ ಗಂಡ ಯಾರಿಗೂ ಬೇಡದವನಾಗುತ್ತಾನೆ. ಅಲ್ಲ ಎಂದು ಬರೆದರೆ ಈಗಲೇ ಅವನ ಕತೆ ಮುಗಿಯುತ್ತದೆ. ಇನ್ನು ಬಣ್ಣದ ಮನೆಗೆ ನುಗ್ಗೋಣವೆಂದರೆ ಅದು ಆದೇಶದಲ್ಲಿಲ್ಲ. ನುಗ್ಗಿದರೆ ಅಪರಾಧಿ ಇವಳು, ವರದಿ ಕಸ.

ಒಂದೇ ಸಮಾಧಾನ. ಈ ಹೆಂಗಸು ಹೇಳಿದ್ದು ತನಗಲ್ಲದೆ ಇನ್ನೊಬ್ಬರಿಗೆ ತಿಳಿದಿಲ್ಲ. ಕಾಲಹರಣ ಮಾಡಬೇಕು. ಅಮೀನರನ್ನು ಹೇಗಾದರೂ ಹೊರಗೆ ಕಳಿಸಬೇಕು, ಅವರು ಕೋರ್ಟಿಗೆ ಓಡಬೇಕು...

"ಮೇಡಂ, ನಿಮ್ಮ ಪೆನ್ನು ಓಡ್ತಿಲ್ಲ ಅನ್ಸುತ್ತೆ. ನನ್ನದು ತಗೊಳ್ಳಿ," ಎಂದ ಮ್ಯಾನೇಜರ್.

ಪೆನ್ನು ತೆಗೆದುಕೊಳ್ಳಲು ತಿರುಗಿದಾಗ ಅವಳಿಗೆ ಅವನ ಮುಖ ಹತ್ತಿರದಿಂದ ಕಂಡಿತು. ಶೆಡ್ಡಿನಲ್ಲಿ ಮೂಲೆ ಮಗ್ಗದವನ ಕಿವಿಗೆ ಬಾಗಿದ್ದ ಮುಖ ಅದೇ. ಅವನು ಏನೋ ಉಸುರಿದ್ದ. ಕೂಡಲೇ ಆ ಮನುಷ್ಯ "ಹಳೇ ಮಿಲ್ಲು" ಎಂದು ಸರಿಯಾದ ಉತ್ತರ ಕೂಗಿದ್ದ.

ಅವಳ ಕೈ ಗಾಳಿಯಲ್ಲೇ ನಿಂತಿತು.

ಆ ಪ್ರಶ್ನೆಯನ್ನು ಅವಳು ದನಿ ತೆಗೆದು ಕೇಳಿಯೇ ಇರಲಿಲ್ಲ.

ಶೆಡ್ಡಿನಲ್ಲಿ ಅರಚಿದವನನ್ನು ಹಿಡಿದ ಖುಷಿಯಲ್ಲಿ, ಅರಚದೇ ಇದ್ದವನನ್ನು ಅವಳು ನೋಡಿರಲಿಲ್ಲ. ಅಜ್ಜಿಯ ಬೈಗುಳಕ್ಕೆ ಆ ಮುಗುಳ್ನಗೆ. ಹಿಂಬಾಗಿಲಿನಿಂದ ಹೊರಟ ಆ ಬಾಗಿದ ಬೆನ್ನು. ಈಗ ಈ ಗೇಟಿನ ಮುಂದೆ, ಕಂಬಿಗಳಾಚೆಯ ತುಟಿಗಳನ್ನು ಇವಳ ಪಕ್ಕದಲ್ಲೇ ನಿಂತು, ಇವಳಷ್ಟೇ ಹತ್ತಿರದಿಂದ...

ಮ್ಯಾನೇಜರ್ ಪೆನ್ನನ್ನು ಅವಳ ಬೆರಳುಗಳ ನಡುವೆ ಮೆತ್ತಗೆ ಇಟ್ಟ. ಅಮೀನರು ಬಾಗಿ ಕಡತದ ಹಾಳೆಗಳನ್ನು ಆರಿಸುತ್ತಿದ್ದರು. ಅವರಿಗೆ ಏನೂ ಕೇಳಿಸಲಿಲ್ಲ.

ಕೇಳಿಸುವಂಥದ್ದು ಏನೂ ಇರಲಿಲ್ಲ. ಮ್ಯಾನೇಜರನ ಬಾಯಿ ಅಗಲವಾಗಿ ಬಿಚ್ಚಿಕೊಂಡಿತು, ಮಗ್ಗದ ಬುಡದಲ್ಲೇ ಹುಟ್ಟಿ ಬೆಳೆದವರ ಹಾಗೆ, ಅಮ್ಮನ ಹಾಗೆ, ಒಂದಿಷ್ಟೂ ದನಿಯಿಲ್ಲದೆ.

‘ಯಾವುದನ್ನ ಬರೀತೀಯ ಮಗಳೇ? ಕೇಳಿಸಿದ್ದನ್ನೋ, ಕಂಡದ್ದನ್ನೋ?’